ನಾರಾಯಣನೂ ನಾರಾಯಣನ್‌ನೂ ಒಬ್ಬನೇ ಮಾರಾಯ

ಮೊನ್ನೆ ನೀನು ಫೋನಲ್ಲಿ ಕೇಳಿದ್ದು ಇನ್ನೂ ತಲೆಯಲ್ಲೇ ಕೂತಿದೆ. "ನಿಮ್ ಕಡೆ ಆರು ಲೇನ್ ಹೈವೇ ಆಯ್ತು, ಎಲ್ಲಾ ಆನ್‌ಲೈನ್ ಆಯ್ತು, ಇನ್ನೂ ಯಾಕೋ ಕನ್ನಡ ಮಲಯಾಳಂ ಅಂತ ಒದ್ದಾಡ್ತೀರ, ಕೇರಳದಲ್ಲಿದ್ದ ಮೇಲೆ ಮಲಯಾಳಂ ಕಲಿತ್ರೆ ಮುಗೀತಪ್ಪ" ಅಂದೆ. ಆಗ ನಗಾಡಿ ಬಿಟ್ಟೆ, ಬಸ್ಸಲ್ಲಿದ್ದೆ, ಉತ್ತರ ಹೇಳ್ಲಿಕ್ಕೆ ಪುರ್ಸೊತ್ತಿರಲಿಲ್ಲ. ಈಗ ಹೇಳ್ತೇನೆ, ಸ್ವಲ್ಪ ಉದ್ದ ಆಗ್ಬಹುದು.

ಮೊದಲನೇದು, ಮಲಯಾಳಂ ನಂಗೆ ಬರ್ತದೆ. ಓದ್ಲಿಕ್ಕೆ, ಬರೀಲಿಕ್ಕೆ, ಜಗಳ ಮಾಡ್ಲಿಕ್ಕೆ ಎಲ್ಲಾ ಬರ್ತದೆ. ಮನೆಯಲ್ಲಿ ತುಳು, ಶಾಲೆಯಲ್ಲಿ ಕನ್ನಡ, ಪೇಟೆಯಲ್ಲಿ ಮಲಯಾಳಂ, ಪಕ್ಕದ ಮನೆಯವರ ಹತ್ರ ಬ್ಯಾರಿ ಭಾಷೆ, ಇದ್ರಲ್ಲಿ ಎಂತ ಸಾಹಸ ಇಲ್ಲ, ಕಾಸರಗೋಡಲ್ಲಿ ಹುಟ್ಟಿದ್ರೆ ನಾಲಿಗೆ ಹಾಗೇ ತಿರುಗ್ತದೆ. ಕಲೀಲಿಕ್ಕೆ ಯಾರೂ ಹಟ ಮಾಡ್ಲಿಲ್ಲ ಇಲ್ಲಿ. ನೀನು ಇಪ್ಪತ್ತು ವರ್ಷ ಬೆಂಗ್ಳೂರಲ್ಲಿದ್ದು ಪಕ್ಕದ ಮನೆಯವರ ತಮಿಳಲ್ಲಿ ಎಷ್ಟು ಕಲಿತೆ ಅಂತ ನಾನು ಕೇಳುದಿಲ್ಲ, ಬಿಡು.

ಇತಿಹಾಸ ನಿಂಗೆ ಗೊತ್ತುಂಟು ಅಂದ್ಕೊಳ್ತೇನೆ. 1956ರ ನವೆಂಬರ್ 1ಕ್ಕೆ ನೀವು ಅಲ್ಲಿ ಹಬ್ಬ ಮಾಡುವಾಗ ದಕ್ಷಿಣ ಕನ್ನಡದ ಕಾಸರಗೋಡು ತಾಲೂಕು ಕೇರಳಕ್ಕೆ ಹೋಯ್ತು. 1967ರಲ್ಲಿ ಮಹಾಜನ ವರದಿ ಬಂತು, ಚಂದ್ರಗಿರಿ ಹೊಳೆಯ ಉತ್ತರದ ಭಾಗ ಕರ್ನಾಟಕಕ್ಕೆ ಸೇರ್ಬೇಕು ಅಂತ ಬರೀತು, ಆಮೇಲೆ ಆ ವರದಿ ಎಲ್ಲಿತ್ತೋ ಅಲ್ಲೇ ಉಳೀತು. ಕಯ್ಯಾರ ಕಿಞ್ಞಣ್ಣ ರೈಗಳು ನೂರು ವರ್ಷ ಬದುಕಿ, ಕೊನೆ ತನಕ ವಿಲೀನ ವಿಲೀನ ಅಂತ ಹೇಳಿಯೇ ಹೋದ್ರು. ನಂಗೆ ಆ ಆಸೆ ಇಲ್ಲ, ನಿಜ ಹೇಳ್ತೇನೆ. ಕೇರಳದ ಆಸ್ಪತ್ರೆ, ಪಂಚಾಯತು, ರೇಷನ್ನು, ಲೈಬ್ರರಿ ನೋಡಿ ಬೆಳೆದವ ನಾನು, ಅದನ್ನು ಬೈಲಿಕ್ಕೆ ನಂಗೆ ಮನಸ್ಸು ಬರುದಿಲ್ಲ. ನನ್ನ ತಾಪತ್ರಯ ಬೇರೆ. ಅದರ ಹೆಸರು ಪೋಕ್ಕುವರವು.

ಪೋಕ್ಕುವರವು ಅಂದ್ರೆ ನಿಮ್ಮಲ್ಲಿ ಖಾತೆ ಬದಲಾವಣೆ ಅಂತೀರಲ್ಲ, ಅದು. ಶಬ್ದಕ್ಕೆ ಸೀದಾ ಅರ್ಥ ಹೋಗುದು ಬರುದು. ಹೆಸರಿಟ್ಟವನಿಗೆ ದೊಡ್ಡ ನಮಸ್ಕಾರ, ಯಾಕಂದ್ರೆ ಎರಡು ವರ್ಷದಿಂದ ನಾನು ಮಾಡ್ತಾ ಇರುದು ಅದನ್ನೇ.

ಅಜ್ಜನ ಜಾಗ ಅಮ್ಮನ ಹೆಸರಿಗೆ ಆಗ್ಬೇಕು, ಇಷ್ಟೇ ಕೆಲಸ. ಅಜ್ಜನ ಹೆಸರು ನಾರಾಯಣ. ಧಣಿಗಳ ಜಾಗದಲ್ಲಿ ಚಾಲಗೇಣಿಗೆ ಇದ್ದವರು, ವರ್ಷಕ್ಕೆ ಇಷ್ಟು ಮುಡಿ ಅಕ್ಕಿ ಅಂತ ಅಳೆದು ಕೊಡ್ತಿದ್ದವರು. ಆ ಕಾಲದ ಗೇಣಿಚೀಟು ನಮ್ಮ ಪೆಟ್ಟಿಗೆಯಲ್ಲಿ ಇನ್ನೂ ಉಂಟು, ಚಂದದ ಕನ್ನಡ ಅಕ್ಷರ, ಅದರಲ್ಲಿ 'ನಾರಾಯಣ' ಅಂತ ಉಂಟು. ಆಮೇಲೆ ಕೇರಳದ ಭೂಸುಧಾರಣೆ ಬಂತು, 1970ರ ಜನವರಿ 1ರಿಂದ ಗೇಣಿ ಪದ್ಧತಿಯೇ ಹೋಯ್ತು, ಅಜ್ಜನಿಗೂ ಲ್ಯಾಂಡ್ ಟ್ರಿಬ್ಯೂನಲಿಂದ ಪಟ್ಟಾಯ, ಅಂದ್ರೆ ಜಾಗದ ಹಕ್ಕುಪತ್ರ, ಸಿಕ್ಕಿತು. ಅಜ್ಜ ಆ ಕಾಗದವನ್ನು ದೇವರ ಫೋಟೋದ ಹಿಂದೆ ಇಟ್ಟಿದ್ರಂತೆ. ಓದ್ಲಿಕ್ಕೆ ಬರ್ತಿರಲಿಲ್ಲ ಅವರಿಗೆ, ಮಲಯಾಳಂ ಅಕ್ಷರ. ಧಣಿಗಳ ಮುಂದೆ ಇನ್ನು ಬಗ್ಗಬೇಕಾಗಿಲ್ಲ ಅಂತ ಮಾತ್ರ ಗೊತ್ತಿತ್ತು. ಅದರಲ್ಲಿ ಅವರ ಹೆಸರು 'ನಾರಾಯಣನ್' ಅಂತ ಬರೆದದ್ದು. ಗುಮಾಸ್ತ ತಪ್ಪು ಮಾಡಿದ್ದೇನಲ್ಲ, ಅವನ ಭಾಷೆಯಲ್ಲಿ ಗಂಡಸರ ಹೆಸರು ಹಾಗೇ ಮುಗಿಯುದು. ಅಜ್ಜನನ್ನು ಒಕ್ಕಲಿನಿಂದ ಯಜಮಾನ ಮಾಡಿದ ಕಾಗದವೇ ಅವರ ಬಾಲಕ್ಕೊಂದು 'ನ್' ಅಂಟಿಸಿತು, ನನ್ನ ಎರಡು ವರ್ಷ ತಿಂದದ್ದು ಆ 'ನ್'.

ಮುಂಚೆ ಇದು ಸಮಸ್ಯೆಯೇ ಆಗಿರಲಿಲ್ಲ, ಗೊತ್ತುಂಟಾ. ವಿಲ್ಲೇಜ್ ಆಫೀಸಲ್ಲಿ ಕೂತವರಲ್ಲಿ ಒಬ್ಬರಾದ್ರೂ ಈ ಊರಿನವರು ಇರ್ತಿದ್ರು, ಮುಖ ನೋಡಿ "ಓ ನಾರಾಯಣಣ್ಣನ ಮಗಳಾ" ಅಂತ ಕೇಳಿ ಸೀಲು ಹೊಡೀತಿದ್ರು. ಅದರಲ್ಲಿ ಲಂಚ ಇರ್ಲಿಲ್ವಾ, ಜಾತಿ ನೋಡಿ ಕುರ್ಚಿ ಕೊಡುದು ಇರ್ಲಿಲ್ವಾ, ಎಲ್ಲಾ ಇತ್ತು. ಹಳೇದೇ ಒಳ್ಳೇದಿತ್ತು ಅಂತ ಹೇಳುವವನಲ್ಲ ನಾನು, ನಮ್ಮ ಅಜ್ಜಿ ಆ ಆಫೀಸಿನ ಹೊರಗೆ ಇಡೀ ದಿನ ನಿಂತ ಕತೆ ಕೇಳಿದ್ದೇನೆ. ಆದ್ರೆ ಆ ಗುಮಾಸ್ತನ ತಲೆಯಲ್ಲಿ ಎರಡು ಭಾಷೆಗೆ ಜಾಗ ಇತ್ತು. ಈಗಿನ ಫಾರಂನಲ್ಲಿ ಹೆಸರಿಗೆ ಒಂದು ಚೌಕ, ಒಂದೇ. ಪಟ್ಟಾಯದಲ್ಲಿ ನಾರಾಯಣನ್, ಹಳೆ ರೇಷನ್ ಕಾರ್ಡಲ್ಲಿ ನಾರಾಯಣ್, ಅಮ್ಮನ ಶಾಲೆ ಸರ್ಟಿಫಿಕೇಟಲ್ಲಿ ತಂದೆ ಹೆಸರು ನಾರಾಯಣ. ಕಂಪ್ಯೂಟರಿಗೆ ಇವರು ಮೂರು ಗಂಡಸರು. ನಮ್ಮ ಅಜ್ಜಿಯ ಮಾನ ಎಲ್ಲಿಗೆ ಹೋಯ್ತು ನೋಡು.

ಇದಕ್ಕೆ ಮದ್ದು ಇಲ್ಲ ಅಂತಲ್ಲ. ವನ್ ಆಂಡ್ ದ ಸೇಮ್ ಸರ್ಟಿಫಿಕೇಟ್ ಅಂತ ಒಂದು ಉಂಟು, ಈ ಹೆಸರಿನವನೂ ಆ ಹೆಸರಿನವನೂ ಒಬ್ಬನೇ ಅಂತ ಸರ್ಕಾರ ಬರೆದು ಕೊಡುದು. ನಿಂಗೆ ನಗು ಬರ್ತದೆ, ಇಲ್ಲಿ ಅದು ಜ್ವರದ ಮಾತ್ರೆಯ ಹಾಗೆ, ಮನೆಯಲ್ಲಿ ಒಂದಾದ್ರೂ ಇರ್ತದೆ. ಅದಕ್ಕೆ ಅಕ್ಷಯ ಕೇಂದ್ರಕ್ಕೆ, ಅಂದ್ರೆ ಸರ್ಕಾರದ ಆನ್‌ಲೈನ್ ಅರ್ಜಿ ಹಾಕುವಲ್ಲಿಗೆ, ಹೋಗ್ಬೇಕು, ಅಲ್ಲಿಯ ಹುಡುಗಿ ಪಾಪ ಒಳ್ಳೆಯವಳು, ನಮ್ಮ ಮನೆ ಹೆಸರು ಮೂರು ಸಲ ಕೇಳಿ ಟೈಪ್ ಮಾಡ್ತಾಳೆ, ಆದ್ರೂ ಟಿ ಹಾಕುದಾ ಟಿಎಚ್ ಹಾಕುದಾ ಅಂತ ಅವಳಿಗೆ ಡೌಟು, ನಂಗೂ ಡೌಟು, ಆಧಾರಲ್ಲಿ ಒಂದು ಇರ್ತದೆ ಪ್ಯಾನಲ್ಲಿ ಇನ್ನೊಂದು.

ಆಧಾರ್ ಅಂದಾಗ ನೆನಪಾಯ್ತು, ಮಲಯಾಳಂನಲ್ಲಿ 'ಆಧಾರ' ಅಂದ್ರೆ ಜಾಗದ ಕ್ರಯಪತ್ರ. ನಮ್ಮ ದೊಡ್ಡಮ್ಮ ಆಧಾರ್ ಕಾರ್ಡ್ ಮಾಡ್ಸುವಾಗ ಜಾಗದ ರೆಕಾರ್ಡೆಲ್ಲ ಚೀಲದಲ್ಲಿ ಹಾಕ್ಕೊಂಡು ಹೋಗಿದ್ರು. 'ಅಪೇಕ್ಷೆ' ಅಂದ್ರೆ ಅರ್ಜಿ, 'ಅವಧಿ' ಅಂದ್ರೆ ರಜೆ, 'ಸಂಸಾರ' ಅಂದ್ರೆ ಮಾತು. ಹೊಸದಾಗಿ ಬಂದ ಆಫೀಸರ್ ಒಬ್ಬರು ಅಪ್ಪನ ಹತ್ರ "ಆಮೇಲೆ ಸಂಸಾರಿಕ್ಕಾಂ" ಅಂದಾಗ ಅಪ್ಪನ ಮುಖ ನೋಡ್ಬೇಕಿತ್ತು.

ಈಗ ಕಾನೂನಿಗೆ ಬಾ. 1969ರ ಕೇರಳದ ಅಧಿಕೃತ ಭಾಷಾ ಕಾಯ್ದೆಯಲ್ಲೇ ಉಂಟು, ಕನ್ನಡ ಅಲ್ಪಸಂಖ್ಯಾತರು ಸರ್ಕಾರಕ್ಕೆ ಕನ್ನಡದಲ್ಲಿ ಬರೀಬಹುದು, ಉತ್ತರವೂ ಕನ್ನಡದಲ್ಲಿ ಬರ್ಬೇಕು ಅಂತ. ಮಕ್ಕಳಿಗೆ ಪ್ರಾಥಮಿಕ ಪಾಠ ಮಾತೃಭಾಷೆಯಲ್ಲಿ ಅಂತ ಸಂವಿಧಾನದ 350ಎ ವಿಧಿ ಹೇಳ್ತದೆ. ನಾನು ಒಂದು ಸಲ ಧೈರ್ಯ ಮಾಡಿ ಕನ್ನಡದಲ್ಲೇ ಅರ್ಜಿ ಬರೆದು ಕೊಟ್ಟೆ. ತಗೊಂಡ್ರು, ಬೈಲಿಲ್ಲ, "ಇದನ್ನು ಸ್ಕ್ಯಾನ್ ಮಾಡಿ ಹಾಕ್ಬಹುದು, ಆದ್ರೆ ಮೇಲಿನವರು ಓದ್ಬೇಕಲ್ಲ, ಒಂದು ಮಲಯಾಳಂ ಕಾಪಿಯೂ ಕೊಡಿ" ಅಂದ್ರು. ಹಕ್ಕು ಕೊಟ್ಟೂ ಆಯ್ತು, ಕೆಲಸ ಡಬಲ್ಲೂ ಆಯ್ತು. ಯಾರ ಮೇಲೆ ಸಿಟ್ಟು ಮಾಡುದು ಹೇಳು, ಆ ಮನುಷ್ಯ ಕೊಲ್ಲಂ ಕಡೆಯವ, ವರ್ಗ ಆಗಿ ಬಂದವ, ಕನ್ನಡ ಅಕ್ಷರ ಅವನಿಗೆ ಜಿಲೇಬಿ.

ಶಾಲೆಗಳಲ್ಲೂ ಇದೇ ಪೀಕಲಾಟ. ಕನ್ನಡ ಮೀಡಿಯಂ ಮಕ್ಕಳಿಗೆ ಲೆಕ್ಕ ಕಲಿಸ್ಲಿಕ್ಕೆ ಕನ್ನಡ ಬಾರದ ಮಾಷ್ಟ್ರು ಬರುದು, ಮಕ್ಕಳು ಅಪ್ಪ ಅಮ್ಮ ಎಲ್ಲಾ ಗೇಟಿನ ಹತ್ರ ಕೂರುದು, ಪೇಪರಲ್ಲಿ ಫೋಟೋ. 2017ರಲ್ಲಿ ಹತ್ತನೇ ಕ್ಲಾಸ್ ತನಕ ಮಲಯಾಳಂ ಕಡ್ಡಾಯ ಅಂತ ಕಾಯ್ದೆ ಬಂದಾಗ ಇಲ್ಲಿ ದೊಡ್ಡ ಪ್ರತಿಭಟನೆ ಆಯ್ತು. ನಾನೂ ಹೋಗಿದ್ದೆ. ಘೋಷಣೆ ಕೂಗಿ ಗಂಟಲು ಹೋಗಿ, ವಾಪಸ್ ಬರುವಾಗ ಆಟೋದವನ ಹತ್ರ ಮಲಯಾಳಂನಲ್ಲೇ ರೇಟು ಮಾತಾಡಿದ್ದು.

ಈಗ ನೀವು, ಆಚೆಯವರು. ನಂಗೆ ಸಿಇಟಿಯಲ್ಲಿ ಗಡಿನಾಡು ಕನ್ನಡಿಗ ಕೋಟಾದಲ್ಲಿ ಸೀಟು ಬೇಕಿದ್ರೆ ಕನ್ನಡ ಪರೀಕ್ಷೆ ಬರೀಬೇಕಿತ್ತು, ಬರೆದೆ, ಪಾಸಾದೆ. ನಿಂಗೆ ಯಾರೂ ಪರೀಕ್ಷೆ ಇಡ್ಲಿಲ್ಲ, ನಿನ್ನ ಒತ್ತಕ್ಷರ ಈಗಲೂ ನೋಡುವ ಹಾಗಿಲ್ಲ. ಗೋವಿಂದ ಪೈಗಳು ಮಂಜೇಶ್ವರದವರು ಅಂತ ಭಾಷಣ ಮಾಡುವಾಗ ನಾವು ನಿಮ್ಮವರು, 2020ರ ಮಾರ್ಚಲ್ಲಿ ಗಡಿಯ ರೋಡಿಗೆ ಮಣ್ಣು ಸುರಿಯುವಾಗ ನಾವು ಕೇರಳದವರು. ಮಂಗ್ಳೂರು ಇಲ್ಲಿಂದ 50 ಕಿಲೋಮೀಟರ್, ತಿರುವನಂತಪುರ 500ಕ್ಕೂ ಜಾಸ್ತಿ, ಡಯಾಲಿಸಿಸಿಗೆ ಹೆರಿಗೆಗೆ ಎಲ್ಲಾ ಮಂಗ್ಳೂರನ್ನೇ ನಂಬಿದ್ದವರು ನಾವು. ಆ ವಾರ ಆಂಬುಲೆನ್ಸು ಗಡಿಯ ತಲಪಾಡಿಯಲ್ಲಿ ನಿಂತದ್ದನ್ನು ಇಲ್ಲಿ ಯಾರೂ ಮರೀಲಿಲ್ಲ. ಅದರ ಬಗ್ಗೆ ಇಷ್ಟು ಸಾಕು.

ಡಿಜಿಟಲ್ ರೀಸರ್ವೆ ಬಂತು 2022ರಲ್ಲಿ. ಅದರ 'ಎಂಟೆ ಭೂಮಿ', ಅಂದ್ರೆ ನನ್ನ ಭೂಮಿ, ಅಂತ ಪೋರ್ಟಲ್ 2024ರಲ್ಲಿ ಮೊದಲು ಪ್ರಯೋಗಕ್ಕೆ ಇಳಿದದ್ದೇ ನಮ್ಮ ಮಂಜೇಶ್ವರ ತಾಲೂಕಿನ ಉಜಾರು ಉಳುವಾರಿನಲ್ಲಿ, ಹೌದು, ಹೆಮ್ಮೆಯಿಂದಲೇ ಹೇಳ್ತೇನೆ, ನಿಮ್ಮ ಬೆಂಗ್ಳೂರಿನ ಸೈಟಿನ ಗಲಾಟೆ ನೋಡಿದ್ರೆ ಇದು ಎಷ್ಟೋ ಮುಂದೆ. ನಮ್ಮ ಜಾಗವನ್ನು ಅಳೀಲಿಕ್ಕೂ ಮಿಷನ್ ಹಿಡ್ಕೊಂಡು ಮೂರು ಹುಡುಗರು ಬಂದ್ರು. ಅಜ್ಜ ಕಲ್ಲು ನೆಟ್ಟ ಮೂಲೆ ಬೆರಳಷ್ಟೂ ತಪ್ಪಿರಲಿಲ್ಲ. ಜಾಗ ಸರಿ ಉಂಟು, ಗಡಿ ಸರಿ ಉಂಟು, ಮನುಷ್ಯನ ಹೆಸರು ಮಾತ್ರ ಮ್ಯಾಚ್ ಆಗುದಿಲ್ಲ.

ಸೋಮವಾರ ಪುನಃ ಹೋಗ್ಲಿಕ್ಕುಂಟು. ಈ ಸಲ ಕೇಳಿದ್ದು ಸಾಕ್ಷಿ, ಅಜ್ಜನನ್ನು ಕಣ್ಣಾರೆ ನೋಡಿ ಗೊತ್ತಿದ್ದ ಇಬ್ಬರು ಸೈನ್ ಹಾಕ್ಬೇಕಂತೆ. ಅಂಥವರು ಊರಲ್ಲಿ ಮೂರೇ ಜನ ಉಳಿದದ್ದು. ಒಬ್ಬರು ಹಾಸಿಗೆ ಹಿಡಿದಿದ್ದಾರೆ, ಇನ್ನೊಬ್ಬರು ಒಪ್ಪಿದ್ದಾರೆ, ಮೂರನೆಯವರು ಮಗನ ಜೊತೆ ಬೆಂಗ್ಳೂರಿಗೆ ಬಂದು ಕೂತಿದ್ದಾರೆ, ನಿನ್ನ ಮನೆಯಿಂದ ಎರಡು ಸ್ಟಾಪ್ ಆಚೆ. ಅಡ್ರೆಸ್ ವಾಟ್ಸಾಪ್ ಮಾಡ್ತೇನೆ. ಶನಿವಾರ ಸ್ವಲ್ಪ ಹೋಗಿ ಒಂದು ಸೈನ್ ತಗೊಂಡು ರಾತ್ರಿ ಬಸ್ಸಿಗೆ ಕವರ್ ಕೊಟ್ಟು ಬಿಡು ಮಾರಾಯ. ಕಾಗದ ಮಲಯಾಳಂನಲ್ಲಿ ಉಂಟು, ಎಂತ ಬರೆದದ್ದು ಅಂತ ಅವರು ಕೇಳಿದ್ರೆ ನಂಗೆ ಫೋನ್ ಹಚ್ಚಿ ಕೊಡು.