ರಿಲೇ ಓಡುವವಳು ಅಂದ್ರೆ ಕಡಿಮೆಯವಳಾ?

ಮೈದಾನದ ಮಾತು: ಓದುಗರ ಪ್ರಶ್ನೆ, ನಮ್ಮ ಉತ್ತರ

(ತುಮಕೂರು ಜಿಲ್ಲೆಯ ಹೈಸ್ಕೂಲುಗಳಲ್ಲಿ ಮೂವತ್ನಾಲ್ಕು ವರ್ಷ ದೈಹಿಕ ಶಿಕ್ಷಕಿಯಾಗಿದ್ದು ನಿವೃತ್ತರಾದ ನಮ್ಮ ಅಂಕಣಗಾರ್ತಿ ಉತ್ತರಿಸುತ್ತಾರೆ.)

ಪ್ರಶ್ನೆ: ಮೇಡಂ, ನನ್ನ ಮಗಳು ಒಂಬತ್ತನೇ ಕ್ಲಾಸು. ನೂರು ಮೀಟರ್ ಓಟದಲ್ಲಿ ಯಾವಾಗಲೂ ಮೂರನೆಯವಳೋ ನಾಲ್ಕನೆಯವಳೋ ಆಗುತ್ತಾಳೆ. ಈ ಸಲ ಪಿ.ಟಿ. ಮೇಷ್ಟ್ರು ರಿಲೇಗೆ ಹಾಕಿದ್ದಾರೆ. "ಒಂಟಿಯಾಗಿ ಗೆಲ್ಲೋಕಾಗದವರನ್ನ ರಿಲೇಗೆ ಹಾಕ್ತಾರೆ" ಅಂತ ಅವಳ ದೊಡ್ಡಪ್ಪ ಹಬ್ಬದ ದಿನ ಎಲ್ಲರ ಮುಂದೆ ಅಂದುಬಿಟ್ಟರು. ಎರಡು ದಿನದಿಂದ ಪ್ರಾಕ್ಟೀಸಿಗೆ ಹೋಗಿಲ್ಲ. ಸ್ಪೇನ್ ದೇಶದ ಪೌಲಾ ಸೆವಿಯಾ ಅನ್ನುವವಳು ರಿಲೇಯಲ್ಲೇ ಹೆಸರು ಮಾಡಿದ್ದಾಳೆ ಅಂತ ಮೊಬೈಲಿನಲ್ಲಿ ತೋರಿಸಿದಳು. ಹಾಗೂ ಉಂಟಾ?
(ಒಬ್ಬ ತಾಯಿ, ಮಧುಗಿರಿ ತಾಲ್ಲೂಕು)

ಉತ್ತರ: ಉಂಟು ತಾಯಿ. ಮೊದಲು ಮಗಳನ್ನು ನಾಳೆ ಬೆಳಿಗ್ಗೆ ಪ್ರಾಕ್ಟೀಸಿಗೆ ಕಳಿಸಿ. ಆಮೇಲೆ ಇದನ್ನು ಓದಿ.

ಪೌಲಾ ಸೆವಿಯಾ ಹುಟ್ಟಿದ್ದು 1997ರಲ್ಲಿ, ಲಾ ಸೊಲಾನಾ ಅನ್ನುವ ಊರಲ್ಲಿ. ಸ್ಪೇನಿನ ನಡುಭಾಗದ ಲಾ ಮಾಂಚಾ ಬಯಲುಸೀಮೆ ಅದು. ದ್ರಾಕ್ಷಿ, ಕೇಸರಿ ಬೆಳೆಯುವ ಒಣ ನೆಲ. ಮ್ಯಾಡ್ರಿಡ್, ಬಾರ್ಸಿಲೋನಾದ ಹಾಗೆ ದೊಡ್ಡ ಪಟ್ಟಣವಲ್ಲ. ನಮ್ಮ ತಾಲ್ಲೂಕು ಕೇಂದ್ರಗಳ ಥರದ ಊರು ಅಂದುಕೊಳ್ಳಿ. ಆಕೆ ನೂರು, ಇನ್ನೂರು ಮೀಟರ್ ಓಡಿಕೊಂಡು ಬಂದವಳು. ಒಂಟಿ ಓಟದಲ್ಲಿ ಜಮೈಕಾ, ಅಮೆರಿಕದವರ ಸಾಲಿಗೆ ಬರುವ ಹೆಸರಲ್ಲ. ಆದರೆ 2022ರಲ್ಲಿ ಅಮೆರಿಕದ ಯೂಜೀನ್‌ನಲ್ಲಿ ವಿಶ್ವ ಚಾಂಪಿಯನ್‌ಶಿಪ್ ನಡೆದಾಗ ಸ್ಪೇನಿನ ಹುಡುಗಿಯರು 4×100 ರಿಲೇಯ, ಅಂದರೆ ನಾಲ್ವರು ತಲಾ ನೂರು ಮೀಟರ್ ಓಡುವ ರಿಲೇಯ, ಫೈನಲ್ಲಿಗೆ ಬಂದರು. 42.58 ಸೆಕೆಂಡಿನಲ್ಲಿ ಓಡಿ ಐದನೆಯವರಾದರು. ಆ ತಂಡದಲ್ಲಿ ಮೂರನೆಯ ಓಟ ಸೆವಿಯಾಳದ್ದು.

ಆಮೇಲೆ ಆಕೆ ನಾನೂರು ಮೀಟರಿಗೂ ಕೈ ಹಾಕಿದಳು. ಹುಡುಗಾಟದ ಮಾತಲ್ಲ ಇದು. ನೂರು ಓಡುವವರಿಗೆ ನಾನೂರರ ಕೊನೆಯ ನೂರು ಮೀಟರ್ ಅಂದರೆ ಕಾಲಿಗೆ ಕಲ್ಲು ಕಟ್ಟಿದ ಹಾಗೆ ಇರುತ್ತದೆ. 2025ರ ಮಾರ್ಚ್‌ನಲ್ಲಿ ನೆದರ್‌ಲ್ಯಾಂಡ್ಸ್‌ನ ಆಪಲ್‌ಡೋರ್ನ್‌ನಲ್ಲಿ ಯುರೋಪಿನ ಒಳಾಂಗಣ ಕೂಟ ನಡೆಯಿತು. ಅಲ್ಲಿ 400 ಮೀಟರಿನಲ್ಲಿ 50.99 ಓಡಿ ಕಂಚು ಗೆದ್ದಳು. ಆಗ ಆಕೆಗೆ 27 ವರ್ಷ. ಒಂಬತ್ತನೇ ಕ್ಲಾಸಿನ ಹುಡುಗಿಗೆ ಇನ್ನೆಷ್ಟು ವರ್ಷ ಮುಂದಿದೆ, ಅವಳ ದೊಡ್ಡಪ್ಪನವರು ಲೆಕ್ಕ ಹಾಕಲಿ.

ಅದೇ ವರ್ಷ ಮೇ ತಿಂಗಳು, ಚೀನಾದ ಗುವಾಂಗ್‌ಝೌ. ವಿಶ್ವ ರಿಲೇ ಕೂಟ. ರಿಲೇ ಒಂದಕ್ಕೇ ಅಂತ ಒಂದು ವಿಶ್ವಮಟ್ಟದ ಕೂಟ ಇದೆ ಅನ್ನುವುದೇ ನಮ್ಮಲ್ಲಿ ಜಾಸ್ತಿ ಜನಕ್ಕೆ ಗೊತ್ತಿಲ್ಲ. 2014ರಲ್ಲಿ ಬಹಾಮಾಸ್ ದೇಶದ ನಸ್ಸಾವ್‌ನಲ್ಲಿ ಶುರುವಾಗಿದ್ದು. ಗುವಾಂಗ್‌ಝೌನಲ್ಲಿ 4×400 ಓಟದಲ್ಲಿ ಸ್ಪೇನ್ ಚಿನ್ನ ಗೆದ್ದಿತು. ಸೆವಿಯಾ, ಎವಾ ಸಾಂತಿದ್ರಿಯಾನ್, ಡಾನಿಯೆಲಾ ಫ್ರಾ, ಬ್ಲಾಂಕಾ ಎರ್ವಾಸ್. ಸಮಯ 3 ನಿಮಿಷ 24.13 ಸೆಕೆಂಡ್. 4×100ರಲ್ಲಿ ಬ್ರಿಟನ್ 42.21, ಸ್ಪೇನ್ 42.28. ಸೆಕೆಂಡಿನ ನೂರರಲ್ಲಿ ಏಳು ಭಾಗದಲ್ಲಿ ಚಿನ್ನ ತಪ್ಪಿ ಬೆಳ್ಳಿ. ಅಲ್ಲೂ ಸೆವಿಯಾ ಇದ್ದಳು. ಒಂದೇ ಕೂಟ, ಎರಡು ಬೇರೆ ಬೇರೆ ರಿಲೇ, ಎರಡು ಪದಕ.

ಈಗ ಒಂದು ಲೆಕ್ಕ ಮಾಡೋಣ. ನಿಮ್ಮ ಮಗಳ ಕೈಲೇ ಮಾಡಿಸಿ. 42.28ನ್ನು ನಾಲ್ಕರಿಂದ ಭಾಗಿಸಿದರೆ ಒಬ್ಬೊಬ್ಬರಿಗೆ 10.57. ಆ ನಾಲ್ವರಲ್ಲಿ ಒಬ್ಬಳೂ ಅಲ್ಲಿಯವರೆಗೆ ನೂರು ಮೀಟರನ್ನು 11 ಸೆಕೆಂಡಿನೊಳಗೆ ಓಡಿದವಳಲ್ಲ! ಹಾಗಾದರೆ ಆ ಸಮಯ ಎಲ್ಲಿಂದ ಬಂತು? ಮೊದಲನೆಯವಳು ಮಾತ್ರ ನಿಂತಲ್ಲಿಂದ ಓಡುತ್ತಾಳೆ. ಮಿಕ್ಕ ಮೂವರ ಕೈಗೆ ಬ್ಯಾಟನ್ (ಒಬ್ಬರಿಂದ ಒಬ್ಬರಿಗೆ ದಾಟಿಸುವ ಕೋಲು) ಬರುವಷ್ಟರಲ್ಲಿ ಅವರು ಆಗಲೇ ಓಡುತ್ತಿರುತ್ತಾರೆ. ಕೊಡುವವಳು ಕೈ ಮುಂದೆ ಚಾಚುತ್ತಾಳೆ, ಹಿಡಿಯುವವಳು ಕೈ ಹಿಂದೆ ಚಾಚುತ್ತಾಳೆ. ಆ ಎರಡು ಕೈಗಳ ಉದ್ದದಷ್ಟು ದೂರವನ್ನು ಯಾರೂ ಓಡಬೇಕಿಲ್ಲ, ಬ್ಯಾಟನ್ ತಾನೇ ದಾಟಿಬಿಡುತ್ತದೆ. ಮೂರು ಕಡೆ ಹೀಗೆ ಉಳಿಯುವುದೇ ಪದಕ.

ಜಪಾನಿನ ಗಂಡಸರು 2016ರ ರಿಯೊ ಒಲಿಂಪಿಕ್ಸ್‌ನಲ್ಲಿ 37.60 ಓಡಿ ಬೆಳ್ಳಿ ಗೆದ್ದಾಗ ಅವರಲ್ಲೂ ಒಬ್ಬನೂ 10 ಸೆಕೆಂಡಿನೊಳಗೆ ಓಡಿದವನಿರಲಿಲ್ಲ. 2024ರ ಪ್ಯಾರಿಸ್‌ನಲ್ಲಿ ಅಮೆರಿಕದ ಗಂಡಸರು ಮೊದಲ ಬದಲಾವಣೆಯಲ್ಲೇ ತಪ್ಪಿ ಅನರ್ಹರಾದರು. ಚಿನ್ನ ಕೆನಡಾಕ್ಕೆ ಹೋಯಿತು. ಕಾಲು ಯಾರದು ಜೋರು ಅನ್ನುವುದಷ್ಟೇ ಮುಖ್ಯವಾಗಿದ್ದರೆ ಇದು ಆಗುತ್ತಿತ್ತಾ?

ಇನ್ನೊಂದು ಮಾತು. 1984ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ನಲ್ಲಿ ಪಿ.ಟಿ. ಉಷಾ ಸೆಕೆಂಡಿನ ನೂರನೇ ಒಂದು ಭಾಗದಲ್ಲಿ ಕಂಚು ಕಳೆದುಕೊಂಡದ್ದು ಚಿಕ್ಕ ಮಕ್ಕಳಿಗೂ ಗೊತ್ತು. ಅದೇ ಕೂಟದಲ್ಲಿ ನಮ್ಮ ಹೆಂಗಸರ 4×400 ತಂಡ ಫೈನಲ್ಲಿಗೆ ಹೋಗಿ ಏಳನೆಯದಾಯಿತು ಅನ್ನುವುದು ಎಷ್ಟು ಜನಕ್ಕೆ ಗೊತ್ತು? ಉಷಾ, ಶೈನಿ ಅಬ್ರಹಾಂ, ವಲ್ಸಮ್ಮ, ಮತ್ತೆ ನಮ್ಮ ಕರ್ನಾಟಕದ ವಂದನಾ ರಾವ್. ನಾನಾಗ ದೈಹಿಕ ಶಿಕ್ಷಣದ ಕೋರ್ಸಿನಲ್ಲಿದ್ದೆ. ಪೇಪರಿನಲ್ಲಿ ಬಂದ ಆ ನಾಲ್ವರ ಹೆಸರನ್ನು ಕತ್ತರಿಸಿ ಹಾಸ್ಟೆಲಿನ ಟ್ರಂಕಿನ ಮುಚ್ಚಳದ ಒಳಗೆ ಅಂಟಿಸಿದ್ದೆ. 1986ರಲ್ಲಿ ದಕ್ಷಿಣ ಕೊರಿಯಾದ ಸಿಯೋಲ್‌ನಲ್ಲಿ ಅದೇ ನಾಲ್ವರು ಏಷ್ಯನ್ ಗೇಮ್ಸ್ ಚಿನ್ನ ತಂದರು. ಆ ಟ್ರಂಕು ಈಗಲೂ ಮನೆಯಲ್ಲಿದೆ. ಪೇಪರು ಹಳದಿಯಾಗಿದೆ, ಹೆಸರು ಓದಬಹುದು.

ನಿಮ್ಮ ಮಗಳ ಮೇಷ್ಟ್ರು ಅವಳಲ್ಲಿ ಏನೋ ನೋಡಿದ್ದಾರೆ. ತಿರುವಿನಲ್ಲಿ ಚೆನ್ನಾಗಿ ಓಡುತ್ತಾಳೋ, ಕೈ ನಡುಗುವುದಿಲ್ಲವೋ, ಹೇಳಿದ್ದನ್ನು ಕೇಳುತ್ತಾಳೋ. ಹೋಗಿ ಅವರನ್ನೇ ಕೇಳಿ. ದೊಡ್ಡಪ್ಪನವರನ್ನೂ ಒಂದು ಸಂಜೆ ಮೈದಾನಕ್ಕೆ ಕರೆದುಕೊಂಡು ಹೋಗಿ. ಜಗಳ ಆಡಬೇಡಿ. ಅವರ ಕೈಗೇ ಒಂದು ಬ್ಯಾಟನ್ ಕೊಟ್ಟು, ಹಿಂದೆ ನೋಡದೆ ಓಡುತ್ತಾ ಹಿಡಿಯೋಕೆ ಹೇಳಿ.

ಪ್ರಶ್ನೆ: ಮೇಡಂ, ನಾವು ನಾಲ್ವರೂ ಜೋರಾಗಿ ಓಡುತ್ತೇವೆ. ಆದರೆ ಬ್ಯಾಟನ್ ಕೊಡುವಾಗ ನಿಂತೇ ಬಿಡುತ್ತೇವೆ. ತಾಲ್ಲೂಕು ಮಟ್ಟದಲ್ಲಿ ಇದರಿಂದಲೇ ಸೋತೆವು. ನಮ್ಮ ಸ್ಕೂಲಿನಲ್ಲಿ ಪಿ.ಟಿ. ಟೀಚರ್ ಇಲ್ಲ. ನಾವೇ ಕಲಿಯೋದು ಹೇಗೆ?
(ಹತ್ತನೇ ತರಗತಿ ವಿದ್ಯಾರ್ಥಿನಿ, ಶಿರಾ)

ಉತ್ತರ: ಮಗಳೇ, ಮನೆಗೆ ಮೋಲ್ಡ್ ಹಾಕುವ ದಿನ ನೋಡಿದ್ದೀಯಲ್ವಾ? ಕೆಳಗಿನಿಂದ ಮೇಲಿನವರೆಗೆ ಸಾಲಾಗಿ ನಿಂತು ಸಿಮೆಂಟಿನ ಬಾಂಡ್ಲಿಯನ್ನು ಕೈಯಿಂದ ಕೈಗೆ ದಾಟಿಸುತ್ತಾರೆ. ಅಲ್ಲಿ ಯಾರೂ ಬಾಂಡ್ಲಿ ನೋಡುತ್ತಾ ನಿಲ್ಲುವುದಿಲ್ಲ. ಕೈ ಬರುವ ಜಾಗ ಕೈಗೆ ಗೊತ್ತಿರುತ್ತದೆ. ನಿಮಗೂ ಹಾಗೇ ಆಗಬೇಕು.

ಬ್ಯಾಟನ್ ಇಲ್ಲದಿದ್ದರೆ ಪ್ಲಂಬಿಂಗ್ ಅಂಗಡಿಯಲ್ಲಿ ಪಿವಿಸಿ ಪೈಪಿನ ತುಂಡು ಸಿಗುತ್ತದೆ. ಒಂದಡಿಗೆ ಕತ್ತರಿಸಿ. ನಿಜವಾದ ಬ್ಯಾಟನ್ 28ರಿಂದ 30 ಸೆಂಟಿಮೀಟರ್, ಸುಮಾರು ಅಷ್ಟೇ. ತುದಿಯನ್ನು ಮರಳು ಕಾಗದದಲ್ಲಿ ಉಜ್ಜಿ, ಕೈ ಕೊಯ್ಯಬಾರದು. ಮೊದಲ ಮೂರು ದಿನ ಓಡಲೇಬೇಡಿ. ನಾಲ್ವರೂ ಒಬ್ಬರ ಹಿಂದೆ ಒಬ್ಬರು ನೆಲದ ಮೇಲೆ ಕೂತು, ಓಡುವ ಹಾಗೆ ಕೈ ಬೀಸುತ್ತಾ ಹಿಂದಿನಿಂದ ಮುಂದಕ್ಕೆ ದಾಟಿಸಿ. ಹಿಂದಿನವಳು "ಹಿಡಿ" ಅಂದಾಗ ಮಾತ್ರ ಮುಂದಿನವಳು ಕೈ ಹಿಂದೆ ಚಾಚಬೇಕು. ಹೆಬ್ಬೆರಳು ಒಂದು ಕಡೆ, ಮಿಕ್ಕ ಬೆರಳು ಒಂದು ಕಡೆ, ನಡುವೆ ಅಗಲ ಜಾಗ. ತಲೆ ತಿರುಗಿಸಬಾರದು. ಆಮೇಲೆ ನಡೆಯುತ್ತಾ ಮಾಡಿ. ಆಮೇಲೆ ನಿಧಾನ ಓಟ. ಕೊನೆಗೆ ಪೂರ್ತಿ ಓಟ.

ಇನ್ನು ಗುರುತು. ದೊಡ್ಡ ಕೂಟಗಳಲ್ಲಿ ಬ್ಯಾಟನ್ ಬದಲಾಯಿಸುವ ಜಾಗ 30 ಮೀಟರ್. ಅದರೊಳಗೆ ಬ್ಯಾಟನ್ ಕೈ ಬದಲಾಗಬೇಕು. ಲೆಕ್ಕಕ್ಕೆ ಬರುವುದು ಬ್ಯಾಟನ್ ಎಲ್ಲಿದೆ ಅನ್ನುವುದು, ನಿನ್ನ ಕಾಲು ಎಲ್ಲಿದೆ ಅನ್ನುವುದಲ್ಲ. ನೀನು ನಿಲ್ಲುವ ಜಾಗದಿಂದ ಹಿಂದಕ್ಕೆ ಹಿಮ್ಮಡಿಗೆ ಹೆಬ್ಬೆರಳು ತಾಗಿಸಿ ಹದಿನೈದರಿಂದ ಇಪ್ಪತ್ತು ಪಾದ ಅಳೆದು ಅಲ್ಲೊಂದು ಸುಣ್ಣದ ಗೆರೆ ಹಾಕು. ಹಿಂದಿನವಳು ಆ ಗೆರೆ ಮುಟ್ಟಿದ ಕೂಡಲೇ ಜೀವ ಹೋಗುವ ಹಾಗೆ ಓಡು. ಕೈಗೆ ಸಿಗುವ ಮೊದಲೇ ನೀನು ಹೋಗಿಬಿಡುತ್ತಿದ್ದರೆ ಗೆರೆಯನ್ನು ಒಂದೆರಡು ಪಾದ ಹತ್ತಿರ ತಾ. ಅವಳು ನಿನ್ನ ಬೆನ್ನಿಗೆ ಗುದ್ದುತ್ತಿದ್ದರೆ ದೂರ ಮಾಡು.

ಈ ಗೆರೆಯ ವಿಷಯದಲ್ಲಿ ನನ್ನಿಂದ ಒಂದು ತಪ್ಪು ಆಗಿತ್ತು. ತೊಂಬತ್ತರ ದಶಕದಲ್ಲಿ ನನ್ನ ನಾಲ್ಕು ಹುಡುಗಿಯರನ್ನು ಜಿಲ್ಲಾ ಮಟ್ಟಕ್ಕೆ ತುಮಕೂರಿಗೆ ಕರೆತಂದಿದ್ದೆ. ಬೆಳಿಗ್ಗೆ ಎಂಟಕ್ಕೆ, ಎಲ್ಲರೂ ಲವಲವಿಕೆಯಲ್ಲಿದ್ದಾಗ, ಪಾದ ಅಳೆದು ಗೆರೆ ಗೊತ್ತು ಮಾಡಿಸಿದೆ. ರಿಲೇ ನಡೆದದ್ದು ಮಧ್ಯಾಹ್ನ ಮೂರೂವರೆಗೆ. ಅಷ್ಟರಲ್ಲಿ ನನ್ನ ಎರಡನೆಯ ಹುಡುಗಿ ಇನ್ನೂರು ಮೀಟರು, ಉದ್ದ ಜಿಗಿತ ಎರಡೂ ಮುಗಿಸಿ ಬಳಲಿದ್ದಳು. ಗೆರೆ ಮುಟ್ಟಿದಳು, ಮೂರನೆಯವಳು ಹೇಳಿಕೊಟ್ಟ ಹಾಗೇ ಹಾರಿದಳು. ಎರಡನೆಯವಳಿಗೆ ಅವಳನ್ನು ಹಿಡಿಯೋಕೆ ಆಗಲಿಲ್ಲ. "ನಿಲ್ಲೇ, ನಿಲ್ಲೇ" ಅಂತ ಕೂಗಿದ್ದು ನನಗೆ ಕೇಳಿಸಿತು. ನಿಲ್ಲುವಷ್ಟರಲ್ಲಿ ಜಾಗ ದಾಟಿತ್ತು. ನಾವು ಮುಂದಿದ್ದೆವು. ಕೆಂಪು ಬಾವುಟ ಎತ್ತಿದರು, ನಾವು ಔಟ್. ಬಸ್ಸಿನಲ್ಲಿ ಊರಿಗೆ ಹೋಗುವವರೆಗೂ ಮೂರನೆಯ ಹುಡುಗಿ "ನಾನು ಬೇಗ ಓಡಿದೆನಾ ಮಿಸ್?" ಅಂತ ಕೇಳುತ್ತಲೇ ಇದ್ದಳು. ಅವಳು ಸರಿಯಾಗೇ ಓಡಿದ್ದಳು. ದಣಿದವಳಿಗೆ ಎರಡು ಪಾದ ಕಡಿಮೆ ಮಾಡಬೇಕಿದ್ದದ್ದು ನಾನು. ಅವಳಿಗೆ ಅದನ್ನು ಆವತ್ತೇ ಹೇಳಿದೆ. ನೀನೂ ಓಟಕ್ಕೆ ಹತ್ತು ನಿಮಿಷ ಮುಂಚೆ ಹಿಂದಿನವಳ ಮುಖ ನೋಡಿ ಗೆರೆ ಹಾಕು.

ಪ್ರಶ್ನೆ: ಬ್ಯಾಟನ್ ಕೆಳಗೆ ಬಿದ್ದರೆ ತಂಡ ಔಟಾ?
(ಗುಬ್ಬಿಯ ಓದುಗರು)

ಉತ್ತರ: ಇಲ್ಲ. ಯಾರ ಕೈಯಿಂದ ಬಿತ್ತೋ ಅವರೇ ಎತ್ತಿಕೊಂಡು ಓಡಬಹುದು. ಬೇರೆಯವರ ದಾರಿಗೆ ಅಡ್ಡ ಹೋಗಬಾರದು, ಓಡುವ ದೂರ ಕಡಿಮೆ ಆಗಬಾರದು, ಅಷ್ಟೇ. ಬಿದ್ದ ಕೂಡಲೇ ತಲೆ ಮೇಲೆ ಕೈ ಹೊತ್ತು ನಿಲ್ಲುವ ಮಕ್ಕಳಿಗೆ ದಯವಿಟ್ಟು ಇದನ್ನು ಹೇಳಿ.

ಪ್ರಶ್ನೆ: ನನ್ನ ಮಗ ರಿಲೇ ಓಡುತ್ತಾನೆ. ರಿಲೇ ಪದಕಕ್ಕೆ ಕೆಲಸ ಸಿಗುವುದರಲ್ಲಿ ಬೆಲೆ ಇದೆಯಾ?
(ಒಬ್ಬ ತಂದೆ, ತಿಪಟೂರು)

ಉತ್ತರ: ರೈಲ್ವೆ, ಸೇನೆ ಕ್ರೀಡಾಪಟುಗಳನ್ನು ತೆಗೆದುಕೊಳ್ಳುತ್ತವೆ. ಯಾವ ಮಟ್ಟದ ಕೂಟ, ಎಷ್ಟನೆಯ ಸ್ಥಾನ ಬೇಕು ಅನ್ನುವುದನ್ನು ಆಯಾ ಪ್ರಕಟಣೆಯಲ್ಲೇ ಓದಿಕೊಳ್ಳಿ. ಸರ್ಟಿಫಿಕೇಟಿನಲ್ಲಿ ಮಗನ ಹೆಸರು, ಓಟದ ಹೆಸರು ಸರಿಯಾಗಿ ಬರೆದಿದ್ದಾರಾ ಅಂತ ಆವತ್ತೇ ನೋಡಿ. 2023ರ ಆಗಸ್ಟಿನಲ್ಲಿ ಬುಡಾಪೆಸ್ಟ್‌ನ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ನಮ್ಮ ಗಂಡಸರ 4×400 ತಂಡ 2 ನಿಮಿಷ 59.05 ಸೆಕೆಂಡ್ ಓಡಿ ಏಷ್ಯಾ ದಾಖಲೆ ಮಾಡಿತು. ಅಮೆರಿಕದವರ ಬೆನ್ನಿಗೇ ಇದ್ದರು ನಮ್ಮವರು. ಅನಸ್, ಅಮೋಜ್, ಅಜ್ಮಲ್, ರಾಜೇಶ್. ಆ ಓಟವನ್ನು ಮಗನಿಗೆ ತೋರಿಸಿ.

ಪ್ರಶ್ನೆ: ಮಿಸ್, ನನ್ನನ್ನು ಮೂರನೆಯವಳಾಗಿ ಓಡಿಸುತ್ತಾರೆ. ಫೋಟೋದಲ್ಲಿ ಬರೋದು ಕೊನೆಯವಳು ಮಾತ್ರ. ನಾನು ಆ ಮೂಲೆಯ ತಿರುವಿನಲ್ಲಿ ಓಡಿದ್ದು ನಮ್ಮ ಮನೆಯವರಿಗೂ ಕಾಣಲ್ಲ. ನನಗೆ ಬೇಜಾರು.
(ಎಂಟನೇ ತರಗತಿ, ಕುಣಿಗಲ್)

ಉತ್ತರ: ಪುಟ್ಟೀ, ಬೇಜಾರಾಗೋದು ಸಹಜ. ನಿನ್ನ ಕೆಲಸ ಏನು ಅಂತ ಹೇಳ್ತೀನಿ, ಕೇಳು. ಮೊದಲನೆಯವಳು ಬ್ಯಾಟನ್ ಕೊಡುತ್ತಾಳೆ, ಅಷ್ಟೇ. ಕೊನೆಯವಳು ಹಿಡಿಯುತ್ತಾಳೆ, ಅಷ್ಟೇ. ನೀನು ಹಿಡಿಯಲೂ ಬೇಕು, ಕೊಡಲೂ ಬೇಕು. ಎರಡನೆಯವಳೂ ಎರಡನ್ನೂ ಮಾಡುತ್ತಾಳೆ, ಆದರೆ ಅವಳಿಗೆ ನೇರ ದಾರಿ. ನಿನಗೆ ತಿರುವು. ಮೊದಲ ಪ್ರಶ್ನೆಯಲ್ಲಿ ಹೇಳಿದ ಪೌಲಾ ಸೆವಿಯಾ ಸ್ಪೇನಿನ 4×100 ತಂಡದಲ್ಲಿ ಓಡುವುದು ನಿನ್ನದೇ ಜಾಗದಲ್ಲಿ.

ಬ್ಯಾಟನನ್ನು ಬಲಗೈಯಲ್ಲಿ ಹಿಡಿ. ಆಗ ಒಳಗಿನ ಗೆರೆಗೆ ಒತ್ತಿಕೊಂಡು ಓಡಬಹುದು, ತಿರುವಿನಲ್ಲಿ ಒಂದು ಹೆಜ್ಜೆಯೂ ದಂಡವಾಗುವುದಿಲ್ಲ. ಕೊನೆಯವಳು ಎಡಗೈ ಚಾಚಿ, ಲೇನಿನ ಹೊರಗಿನ ಬದಿಗೆ ನಿಂತಿರಬೇಕು. ಕೈಗೆ ಒತ್ತಿ ಇಡು, ಎಸೆಯಬೇಡ. ಅವಳು ಗಟ್ಟಿಯಾಗಿ ಹಿಡಿದ ಮೇಲೆ ಬಿಡು. ಕೊಟ್ಟ ಮೇಲೆ ನಿನ್ನ ಲೇನಿನಲ್ಲೇ ಇರು, ಬೇರೆ ತಂಡದವರೆಲ್ಲ ದಾಟಿದ ಮೇಲೆ ಹೊರಗೆ ಬಾ.

ಮುಂದಿನ ಕ್ರೀಡಾಕೂಟಕ್ಕೆ ಅಮ್ಮ ಬಂದರೆ ಗೆಲುವಿನ ಗೆರೆ ಹತ್ತಿರ ಕೂರಬೇಡಿ ಅಂತ ಹೇಳು. ಆ ಮೂಲೆಯ ತಿರುವಿಗೆ ಬಂದು, ಬೇಲಿ ಪಕ್ಕ ನಿಲ್ಲಲಿ. ಅಲ್ಲಿಂದ ಚೆನ್ನಾಗಿ ಕಾಣುತ್ತದೆ.