ನಟರು ಬರುವುದು ಒಂದೇ ದಿನ, ಅವರಿಂದ ಏನು ಮಾಡಿಸಲಿ?

ಪ್ರಶ್ನೆ: ನೌಬಾದಿನ ಸುರಂಗ ಬಾವಿ (ನೆಲದಡಿಯ ಕಾಲುವೆಯಲ್ಲಿ ನೀರು ತರುವ ಹಳೆಯ ವ್ಯವಸ್ಥೆ) ಕುರಿತು 25 ನಿಮಿಷದ ಸಾಕ್ಷ್ಯಚಿತ್ರ ಮಾಡುತ್ತಿದ್ದೇವೆ. ಹೆಸರಾಂತ ಚಿತ್ರನಟರೊಬ್ಬರು ಒಂದು ದಿನ ಬರಲು ಒಪ್ಪಿದ್ದಾರೆ. ಅವರಿಂದ ನಿರೂಪಣೆ ಮಾಡಿಸುವುದೋ, ತೆರೆ ಮೇಲೆ ತರುವುದೋ?
– ಓದುಗರು, ಬೀದರ್

ಉತ್ತರ: ತೆರೆ ಮೇಲೆ ತನ್ನಿ, ಪಾಠ ಮಾತ್ರ ಹೇಳಿಸಬೇಡಿ. ವನ್ಯಜೀವಿ ಸಾಕ್ಷ್ಯಚಿತ್ರ ‘ವೈಲ್ಡ್ ಕರ್ನಾಟಕ’ದ ಕನ್ನಡ ಅವತರಣಿಕೆಗೆ ರಿಷಬ್ ಶೆಟ್ಟಿ ದನಿಯಷ್ಟೇ ಕೊಟ್ಟರು; ಪ್ರಾಣಿಗಳದೇ ಕಥೆಯಾದ್ದರಿಂದ ಅಷ್ಟೇ ಸಾಕಿತ್ತು. 2022ರ ಸಾಕ್ಷ್ಯಚಿತ್ರ ‘ಗಂಧದ ಗುಡಿ’ಯಲ್ಲಿ ಪುನೀತ್ ರಾಜ್‌ಕುಮಾರ್ ಯಾವ ಪಾತ್ರವೂ ಇಲ್ಲದೆ, ತಾವು ತಾವಾಗಿಯೇ ಕಾಡು ಸುತ್ತುತ್ತಾರೆ. ನಿಮಗೆ ಹೊಂದುವುದು ಈ ಎರಡನೆಯದು. ನೆಲದಡಿಯ ಕಾಲುವೆ ಹೊರಗೆ ಕಾಣುವುದಿಲ್ಲವಲ್ಲ, ಬಾವಿಗೆ ಬಗ್ಗಿ ‘ಈ ನೀರು ಎಲ್ಲಿಂದ ಬರ್ತದ್ರಿ?’ ಎಂದು ಕೇಳುವವರೊಬ್ಬರು ಬೇಕು. ಜಂಬಿಟ್ಟಿಗೆ ಕಲ್ಲಿಗೆ ಇಂಗಿದ ನೀರು ಇಳಿಜಾರಿನ ಸುರಂಗದಲ್ಲಿ ತಾನೇ ಹರಿಯುವುದನ್ನು, ಮೇಲಿನ ಬಾವಿಗಳು ಗಾಳಿಗೂ ಹೂಳು ತೆಗೆಯಲಿಕ್ಕೂ ಇರುವುದನ್ನು ಊರಿನ ರೈತರೇ ಹೇಳಲಿ.

ಎಡವುವುದು ಇಲ್ಲಿಯೇ. ಕಾಲರ್ ಮೈಕ್ ನಟರಿಗೆ ಸಿಕ್ಕುತ್ತದೆ, ರೈತರ ಮಾತು ಕ್ಯಾಮೆರಾ ಮೈಕಿನ ಪಾಲಾಗುತ್ತದೆ. ಎಡಿಟಿಂಗ್‌ಗೆ ಕೂತಾಗ ಪ್ರಶ್ನೆ ಸ್ಪಷ್ಟ, ಉತ್ತರ ಗೊಣಗೊಣ. ಇಬ್ಬರಿಗೂ ಮೈಕ್ ಹಾಕಿ, ಬೇರೆ ಬೇರೆ ಟ್ರ್ಯಾಕಿನಲ್ಲಿ ದಾಖಲಿಸಿ. ಗಟ್ಟಿ ಮಾತು ರೆಕಾರ್ಡರಿನ ಮೀಟರಿನಲ್ಲಿ ಮೈನಸ್ 12 ಡೆಸಿಬಲ್ ಆಸುಪಾಸಿನಲ್ಲಿರಲಿ. ಒಂದೇ ಕ್ಯಾಮೆರಾ ಇದ್ದರೆ ಅದು ರೈತರ ಮುಖದ ಮೇಲಿರಲಿ, ನಟರ ಪ್ರಶ್ನೆಗಳನ್ನು ಆಮೇಲೆ ತೆಗೆಯಿರಿ. ಪ್ರತಿ ಜಾಗದಲ್ಲೂ ಯಾರೂ ಮಾತಾಡದ 30 ಸೆಕೆಂಡಿನ ಸದ್ದು ಹಿಡಿದುಕೊಳ್ಳಿ, ಕತ್ತರಿಸಿದ ಕಡೆ ಅದನ್ನು ತುಂಬಬೇಕು, ಇಲ್ಲದಿದ್ದರೆ ಅಲ್ಲೆಲ್ಲ ಕಿವಿಗೆ ಹೊಡೆಯುತ್ತದೆ.

ಬೆಳಿಗ್ಗೆ ಆರೂವರೆಗೇ ಶುರುಮಾಡಿ, ನಟರು ಬರುವ ಸುದ್ದಿ ಯಾರಿಗೂ ಹೇಳಬೇಡಿ. ಒಂಬತ್ತರ ನಂತರ ಸೆಲ್ಫಿ ಗುಂಪೂ ಸೇರುತ್ತದೆ, ಬಿಸಿಲಿಗೆ ಮುಖದ ನೆರಳೂ ಗಡುಸಾಗುತ್ತದೆ. ಅವರನ್ನು ಸುರಂಗದೊಳಗೆ ಇಳಿಸಬೇಡಿ: ಒಳಗೆ ಆಮ್ಲಜನಕ ಕಡಿಮೆ ಇರಬಹುದು. ಬಾವಿ ಬಾಯಿಯ ಹತ್ತಿರ ಜನರೇಟರ್ ಇಟ್ಟರಂತೂ ಅದರ ಕಾರ್ಬನ್ ಮಾನಾಕ್ಸೈಡ್ ಒಳಗೇ ತುಂಬಿಕೊಳ್ಳುತ್ತದೆ. ಬ್ಯಾಟರಿಯ ಎಲ್‌ಇಡಿ ದೀಪವೇ ಸರಿ.

ನಿರೂಪಣೆಯನ್ನೂ ಅವತ್ತೇ ಮುಗಿಸಿಬಿಡುವ ಆಸೆ ಹುಟ್ಟುತ್ತದೆ, ಬೇಡ. ಎಡಿಟಿಂಗ್ ಆದಮೇಲೆ ಅರ್ಧ ಸಾಲುಗಳು ಬದಲಾಗಿರುತ್ತವೆ. ನಂತರದ ಎರಡು ಗಂಟೆ ಧ್ವನಿಮುದ್ರಣಕ್ಕೆ ಬರುವುದಾಗಿ ಒಪ್ಪಂದದಲ್ಲೇ ಬರೆಸಿಕೊಳ್ಳಿ. ಟ್ರೇಲರ್, ಪೋಸ್ಟರಿಗೆ ಅವರ ಮುಖ ಎಷ್ಟು ವರ್ಷ ಬಳಸಬಹುದು ಎಂಬುದನ್ನೂ. 25 ನಿಮಿಷದಲ್ಲಿ ನಿರೂಪಣೆ 8 ನಿಮಿಷ, ಅಂದರೆ ಸುಮಾರು 800 ಪದ ದಾಟದಿರಲಿ.

ಡ್ರೋನ್ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳಬೇಕು: ಬೀದರಿನಲ್ಲಿ ವಾಯುಪಡೆಯ ನೆಲೆ ಇದೆ. ಡ್ರೋನ್ ಎಲ್ಲಿ ಹಾರಿಸಬಹುದೆಂದು ತೋರಿಸುವ ಸರ್ಕಾರದ ಡಿಜಿಟಲ್ ಸ್ಕೈ ನಕಾಶೆಯಲ್ಲಿ ನಿಮ್ಮ ಜಾಗ ಕೆಂಪು ವಲಯದಲ್ಲಿದ್ದರೆ ಕೇಂದ್ರ ಸರ್ಕಾರದ ಅನುಮತಿ ಇಲ್ಲದೆ ಹಾರಿಸುವಂತಿಲ್ಲ.