ಒಂಬತ್ತು ದಿನದ ಲೆಕ್ಕ

ಕುಶಾಲನಗರದ ನಿವೃತ್ತ ಶಿಕ್ಷಕರೊಬ್ಬರು ನಾಲ್ಕು ಪುಟಗಳ ಕಾಗದ ಬರೆದಿದ್ದಾರೆ. ಮುಖ್ಯರಸ್ತೆಯಲ್ಲಿ ಅವರದೊಂದು ಮಳಿಗೆ ಇದೆ. ಬಾಡಿಗೆದಾರ ಐದು ತಿಂಗಳ ಬಾಕಿ ಉಳಿಸಿಕೊಂಡದ್ದರಿಂದ ತೆರವಿನ ದಾವೆ ಹೂಡಿದ್ದಾರೆ. ಬಾಕಿಯನ್ನು ಇಂಥ ದಿನದೊಳಗೆ ಠೇವಣಿ ಇಡಬೇಕೆಂದು ನ್ಯಾಯಾಲಯ ಗಡುವು ಕೊಟ್ಟಿತ್ತು. ಆತ ಒಂಬತ್ತು ದಿನ ತಡವಾಗಿ ಹಣ ತಂದ, ನ್ಯಾಯಾಧೀಶರು ಕಟ್ಟಿಸಿಕೊಂಡರು. ‘ಪರೀಕ್ಷೆಗೆ ತಡವಾಗಿ ಬಂದ ಹುಡುಗನನ್ನು ನಾನೆಂದೂ ಒಳಗೆ ಬಿಟ್ಟವನಲ್ಲ. ಗಡುವು ಮೀರಿದರೂ ನಡೆಯುತ್ತದೆ ಎಂದಾದರೆ ಗಡುವು ಯಾಕೆ?’ ಎಂಬುದು ಅವರ ಪ್ರಶ್ನೆ.

ಮೇಷ್ಟ್ರೇ, ನಿಮ್ಮ ಸಂಕಟ ಸುಳ್ಳಲ್ಲ. ಪಿಂಚಣಿಯ ಜೊತೆಗೆ ಆ ಬಾಡಿಗೆಯನ್ನೂ ನಂಬಿ ಬದುಕುವವರು ನೀವು. ವಾಯಿದೆಯ ಮೇಲೆ ವಾಯಿದೆ ಪಡೆದು ಮಾಲೀಕರನ್ನು ಹಣ್ಣುಗಾಯಿ ಮಾಡುವವರನ್ನು ನಾನೂ ಕಂಡಿದ್ದೇನೆ. ಅಂಥವರಿಗೆ ಕರುಣೆ ಬೇಡ.

ಆದರೆ ನಿಮ್ಮ ಪ್ರಶ್ನೆಗೆ ಉತ್ತರ ನಿಮ್ಮ ಕಾಗದದ ಮೂರನೆಯ ಪುಟದಲ್ಲೇ ಇದೆ. ಆತನದು ಪ್ರವಾಸಿಗರಿಗೆ ಕಾಫಿಪುಡಿ, ಜೇನು, ಕರಿಮೆಣಸು ಮಾರುವ ಅಂಗಡಿ. ಗಡುವು ಬಿದ್ದದ್ದು ಜುಲೈ ಕೊನೆಯ ವಾರ. ಕಕ್ಕಡವೆಂಬ ಕೊಡಗಿನ ಮಳೆ ತಿಂಗಳಲ್ಲಿ ಆ ಅಂಗಡಿಯ ಮೆಟ್ಟಿಲು ಹತ್ತುವವರು ಯಾರು? ಒಂಬತ್ತು ದಿನದಲ್ಲಿ ಆತ ಎಲ್ಲಿಂದಲೋ ಹೊಂದಿಸಿ, ಬಾಕಿ ಪೂರ್ತಿ ತಂದಿಟ್ಟ. ಓಡಿಹೋಗುವವನು ಹೀಗೆ ಮಾಡುವುದಿಲ್ಲ.

ನ್ಯಾಯಾಧೀಶರು ಮನಸ್ಸಿಗೆ ಬಂದಂತೆ ಮಾಡಿದರು ಎಂದಿದ್ದೀರಿ. ಇಲ್ಲ. ತಾನೇ ಕೊಟ್ಟ ಗಡುವನ್ನು, ಅದು ಮುಗಿದ ಮೇಲೂ, ನ್ಯಾಯಾಲಯ ವಿಸ್ತರಿಸಬಹುದು ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ 148ನೇ ಕಲಮು ಹೇಳುತ್ತದೆ. 2002ರ ಜುಲೈನಿಂದ ಅದಕ್ಕೆ ಒಟ್ಟು 30 ದಿನಗಳ ಮಿತಿ ಬಂದಿದೆ. ಕಕ್ಷಿದಾರನ ಕೈಮೀರಿದ ಕಾರಣವಿದ್ದರೆ ಆ ಮಿತಿಯೂ ಕಲ್ಲಿನ ಗೋಡೆಯಲ್ಲ ಎಂದು ಸುಪ್ರೀಂ ಕೋರ್ಟ್ 2005ರಲ್ಲಿ ಹೇಳಿತು. ಹಾಗಿರುವಾಗ ಒಂಬತ್ತು ದಿನ ಯಾವ ದೊಡ್ಡ ಅಪರಾಧ?

ಎಲ್ಲ ರಾಜ್ಯಗಳಲ್ಲೂ ಹೀಗಿಲ್ಲ ಎಂಬುದು ನಿಜ. ಅದೇ ನನ್ನ ಹಳೆಯ ಸಂಕಟ. ಕಾಯಿದೆಯ ವಾಕ್ಯ ‘ಬಹುದು’ ಎಂದು ಮುಗಿದರೆ ಬಾಡಿಗೆದಾರ ಉಳಿಯುತ್ತಾನೆ, ‘ತಕ್ಕದ್ದು’ ಎಂದು ಮುಗಿದರೆ ಬೀದಿಗೆ ಬೀಳುತ್ತಾನೆ. ಬಾಡಿಗೆ ಕಟ್ಟದವನ ಪ್ರತಿವಾದವನ್ನು ನ್ಯಾಯಾಲಯ ತಳ್ಳಿಹಾಕಬಹುದು ಎಂದು ಮಧ್ಯಪ್ರದೇಶದ ಕಾಯಿದೆಯಲ್ಲಿತ್ತು. ತಳ್ಳಿಹಾಕುವ ವಿವೇಚನೆ ಇದ್ದ ಮೇಲೆ ತಡವನ್ನು ಮನ್ನಿಸುವ ವಿವೇಚನೆಯೂ ಇದೆ ಎಂದು 1980ರಲ್ಲಿ ಸುಪ್ರೀಂ ಕೋರ್ಟ್ ತೀರ್ಮಾನಿಸಿತು. ರಾಜಸ್ಥಾನದ ಕಾಯಿದೆ ‘ತಕ್ಕದ್ದು’ ಎಂದಿತ್ತು: ಬಾಕಿ ಕಟ್ಟಲು ಹದಿನೈದು ದಿನ, ವಿಸ್ತರಿಸಿದರೆ ಹೆಚ್ಚೆಂದರೆ ಮೂರು ತಿಂಗಳು. ಅದಕ್ಕಿಂತ ಆಚೆ ನ್ಯಾಯಾಲಯದ ಕೈ ಕಟ್ಟಿದೆ, ಸಕಾರಣವಿದ್ದರೆ ತಡವನ್ನು ಮನ್ನಿಸುವ ಕಾಲಮಿತಿ ಕಾಯಿದೆಯ 5ನೇ ಕಲಮೂ ನೆರವಿಗೆ ಬಾರದು ಎಂದು 2003ರಲ್ಲಿ ಅದೇ ನ್ಯಾಯಾಲಯ ಹೇಳಿತು. ಪಶ್ಚಿಮ ಬಂಗಾಳದ ಕಾಯಿದೆಯ ವಿಷಯದಲ್ಲಿ 2019ರಲ್ಲೂ ಅದೇ ಬಿಗಿ. ಕಾಯಿದೆಯ ಮಾತನ್ನು ನ್ಯಾಯಾಧೀಶರು ತಿದ್ದಲಾರರು, ಒಪ್ಪುತ್ತೇನೆ. ನನ್ನ ತಕರಾರಿರುವುದು ಆ ಮಾತನ್ನು ಬರೆದವರ ಮೇಲೆ. ಮನೆಯಲ್ಲಿ ಹೆಣ ಬಿದ್ದದ್ದರಿಂದ ತಡವಾಗಿ ಬಂದವನನ್ನೂ, ಬೇಕೆಂದೇ ಸತಾಯಿಸಿದವನನ್ನೂ ಒಂದೇ ತಕ್ಕಡಿಯಲ್ಲಿ ತೂಗು ಎಂದು ನ್ಯಾಯಪೀಠಕ್ಕೆ ಹೇಳುವ ಕಾನೂನನ್ನು ನಾನು ಒಪ್ಪಲಾರೆ.

ನನ್ನ ತಂದೆ ಸುಂಟಿಕೊಪ್ಪದಲ್ಲಿ ಬಾಡಿಗೆ ಮಳಿಗೆಯಲ್ಲಿ ಬಟ್ಟೆ ಅಂಗಡಿ ಇಟ್ಟಿದ್ದರು. ಮಾಲೀಕರು ಸಣ್ಣ ಕಾಫಿ ಬೆಳೆಗಾರರು. ಅವರ ಬಳಿ ಉದ್ದನೆಯ ಲೆಕ್ಕದ ಪುಸ್ತಕವೊಂದಿತ್ತು. ಜೂನ್, ಜುಲೈ, ಆಗಸ್ಟ್ ತಿಂಗಳುಗಳಲ್ಲಿ ಮೊತ್ತ ಬರೆಯಬೇಕಾದ ಕಡೆ ಪೆನ್ಸಿಲಿನಲ್ಲಿ ‘ಮಳೆ’ ಎಂದಷ್ಟೇ ಬರೆದಿರುತ್ತಿದ್ದರು. ರೋಬಸ್ಟಾ ಕೊಯ್ಲು ಮುಗಿದು ತೋಟದವರ ಕೈಗೂ ಕಾರ್ಮಿಕರ ಕೈಗೂ ಕಾಸು ಬಂದಾಗ, ಅಂಗಡಿಯ ಹಳೆಯ ಸಾಲಗಳು ತೀರುತ್ತಿದ್ದವು. ಮಾರ್ಚಿನಲ್ಲಿ ತಂದೆ ಹಣ ಎಣಿಸಿ ಕೊಟ್ಟ ಮೇಲೆ ಅವರು ರಬ್ಬರ್ ತೆಗೆದು ಆ ಮೂರು ‘ಮಳೆ’ಗಳನ್ನು ಅಳಿಸಿ, ಶಾಯಿಯಲ್ಲಿ ಮೊತ್ತ ಬರೆಯುತ್ತಿದ್ದರು. ಪುಸ್ತಕದ ಆ ಜಾಗದಲ್ಲಿ ಕಾಗದ ತೆಳ್ಳಗಾಗಿ ಹಿಂದಿನ ಪುಟದ ಅಕ್ಷರ ಕಾಣುತ್ತಿತ್ತು. ಅವರಿಗೆ ಒಂದು ರೂಪಾಯಿಯೂ ನಷ್ಟವಾಗಲಿಲ್ಲ.

ಗಡುವಿನ ಬಿಗಿ ಯಾವಾಗಲೂ ಸಣ್ಣವರ ಕೊರಳಿಗೇ ಯಾಕೆ ಎಂದೂ ಕೇಳಬೇಕಾಗಿದೆ. ಪ್ರತಿ ದಿನದ ವಿಳಂಬಕ್ಕೂ ಕಾರಣ ಕೊಡಬೇಕೆಂದರೆ ಪ್ರತಿ ಗಂಟೆಗೆ, ಪ್ರತಿ ಕ್ಷಣಕ್ಕೆ ಯಾಕೆ ಬೇಡ ಎಂದು 1987ರಲ್ಲಿ ಸುಪ್ರೀಂ ಕೋರ್ಟ್ ಕೇಳಿದ ಪ್ರಸಿದ್ಧ ಪ್ರಶ್ನೆ ವಕೀಲರ ಬಾಯಲ್ಲಿ ಈಗಲೂ ಇದೆ. ಆ ಪ್ರಕರಣದಲ್ಲಿ ನಾಲ್ಕು ದಿನ ತಡವಾಗಿ ಬಂದು ಮನ್ನಾ ಪಡೆದದ್ದು ಸರ್ಕಾರ! ನಮ್ಮ ಜಿಲ್ಲೆಯನ್ನೇ ನೋಡಿ. 2018ರ ಆಗಸ್ಟಿನಲ್ಲಿ ಗುಡ್ಡ ಜರಿದು ಮನೆ ಕಳೆದುಕೊಂಡವರಿಗೆ ಜಂಬೂರು, ಮದೆನಾಡಿನ ಪುನರ್ವಸತಿ ಮನೆಗಳ ಕೀಲಿ ಸಿಕ್ಕಿದ್ದು 2020ರ ಜೂನಿನಲ್ಲಿ. ಅಲ್ಲಿಯವರೆಗೆ ಎಷ್ಟೋ ಜನ ಸ್ವಂತ ಮನೆಯಿದ್ದವರು ಬಾಡಿಗೆದಾರರಾಗಿ ಕಾದರು. ಆ ತಡಕ್ಕೆ ಯಾವ ಕಚೇರಿಯ ಪ್ರತಿವಾದವನ್ನು ಯಾರು ತಳ್ಳಿಹಾಕಿದರು? ಅದೇ ಜನ ಒಂದು ಅರ್ಜಿಯನ್ನು ಒಂದು ದಿನ ತಡವಾಗಿ ಕೊಟ್ಟರೆ ಕಿಟಕಿ ಮುಚ್ಚಿಕೊಳ್ಳುತ್ತದೆ.

ಮೇಷ್ಟ್ರೇ, ನಿಮ್ಮ ಹಕ್ಕನ್ನೂ ಬಿಡಬೇಡಿ. ಕರಾರಿನ ಅವಧಿಯೊಳಗೆ ಬಾಡಿಗೆ ತಪ್ಪಿದ ಕಾರಣಕ್ಕೇ ತೆರವು ಕೇಳಿದ್ದರೆ, 1882ರ ಸ್ವತ್ತು ವರ್ಗಾವಣೆ ಕಾಯಿದೆಯ 114ನೇ ಕಲಮು ಬಾಡಿಗೆದಾರನಿಗೆ ಉಳಿಯುವ ಅವಕಾಶ ಕೊಡುತ್ತದೆ. ಅದು ಪುಕ್ಕಟೆಯಲ್ಲ. ಬಾಕಿಯ ಜೊತೆ ಬಡ್ಡಿಯನ್ನೂ ದಾವೆಯ ಪೂರ್ತಿ ಖರ್ಚನ್ನೂ ಆತ ಕೊಡಬೇಕು, ಇಲ್ಲವೇ ಹದಿನೈದು ದಿನದಲ್ಲಿ ಕೊಡುವುದಕ್ಕೆ ಭದ್ರತೆ ಒದಗಿಸಬೇಕು. ಮುಂದಿನ ವಾಯಿದೆಯ ದಿನ ನಿಮ್ಮ ವಕೀಲರಿಂದ ಆ ಲೆಕ್ಕವನ್ನು ಹಾಕಿಸಿ. ಒಂಬತ್ತು ದಿನದ ಬಡ್ಡಿಯನ್ನೂ ಸೇರಿಸಿ ಕೇಳಿ. ಕೊಟ್ಟರೆ ತೆಗೆದುಕೊಂಡು ರಸೀದಿ ಬರೆದುಕೊಡಿ. ಕಾಫಿ ಕೊಯ್ಲಿನ ಹೊತ್ತಿಗೆ ಆತನ ಅಂಗಡಿಯಲ್ಲೂ ಜನ ಸೇರುತ್ತಾರೆ.

— ಸಂಪಾದಕ